ಬೇಚರಾಕ್ ಊರಿನ ಬಾವಿ

"ಹಗ್ಗ ಎಲ್ಲಿಟ್ಟಿದ್ದೀಯ ಕಾಕಾ? ಕೊನೇ ಸಲ ಕೇಳ್ತಿದ್ದೀನಿ."

"ನಿನ್ನೆಯೂ ಕೊನೇ ಸಲ ಅಂದೆ. ಮೊನ್ನೆಯೂ ಅಂದೆ. ನಿನ್ನ ಕೊನೇ ಸಲ ಮುಗಿಯೋದು ಯಾವಾಗ ಠಾಣೆದಾರ?"

ಸರಳುಗಳ ಆಚೆ ಮುದುಕ ಸಕೂರ್ ಗೋಡೆಗೆ ಒರಗಿ ಕೂತು, ಇಲ್ಲದ ಹಲ್ಲು ತೋರಿಸಿ ನಕ್ಕ. ನಗುವಿನ ಬೆನ್ನಿಗೇ ಕೆಮ್ಮು ಬಂತು. ಜೀವಮಾನವೆಲ್ಲ ಒಂಟೆಗಳ ಹಿಂದೆ ಅಲೆದು ಮರಳು ಕುಡಿದ ಎದೆ ಅದು. ಕೆಮ್ಮು ಹತ್ತಿದರೆ ಬೇಗ ಬಿಡುವುದಿಲ್ಲ.

ಸಬ್ ಇನ್ಸ್‌ಪೆಕ್ಟರ್ ಖೇತದಾನ್ ಅದು ನಿಲ್ಲುವವರೆಗೆ ಕಾದ. ಹಾಗೆ ಕಾಯುವಷ್ಟು ಪುರಸೊತ್ತು ಅವತ್ತು ಅವನಿಗೆ ಇರಲಿಲ್ಲ.

ಜನ ಬಿಟ್ಟುಹೋದ ಲೂಣಾಸರ ಊರಿನ ಬಾವಿಕಟ್ಟೆಗೆ ತಲೆಯಿಟ್ಟು ಪಟವಾರಿ ಭೋಮಾರಾಮ್ ಬಾಯಾರಿ ಸತ್ತು ವಾರವಾಗಿತ್ತು. ಕೆಳಗೆ ಬಾವಿಯಲ್ಲಿ ಊರಿಗೆಲ್ಲ ಸಾಲುವಷ್ಟು ನೀರಿತ್ತು.

ಭೋಮಾರಾಮ್ ಊರೂರಿನ ಜಮೀನು ಅಳೆಯುವವನು, ಇದೇ ಮರಳಿನಲ್ಲಿ ಹುಟ್ಟಿದವನು. ಅಂಥವನು ಹಗ್ಗವಿಲ್ಲದೆ ಬಾವಿಯ ಕಡೆ ಹೆಜ್ಜೆ ಇಡುವುದುಂಟೇ? ಹಗ್ಗ ಇತ್ತು, ಯಾರೋ ಒಯ್ದರು. ಮೈ ಮುಟ್ಟದೆ, ಗಾಯ ಮಾಡದೆ, ಬರೀ ಹಗ್ಗ ಎತ್ತಿಕೊಂಡು ಹೋಗಿ ಮನುಷ್ಯನನ್ನು ಕೊಂದ ಪಾಪಿ ಯಾರು? ಹೆಣದ ಪಕ್ಕದಲ್ಲಿ ಕೂತು ಸಿಕ್ಕವನು ಸಕೂರ್ ಒಬ್ಬನೇ. ಅಲ್ಲಿಗೆ ಯಾಕೆ ಹೋಗಿದ್ದೆ ಎಂದು ಕೇಳಿದರೆ ಅವನು ಬಾಯಿ ಬಿಡುತ್ತಿರಲಿಲ್ಲ.

ಇದರ ಮೇಲೆ ಸರ್ಕಾರ ಬೇರೆ ತನ್ನ ಕೈ ತೋರಿಸಿತ್ತು. ರಾಜಧಾನಿಯಲ್ಲಿ ಫ್ಯಾನಿನ ಕೆಳಗೆ ಕೂತ ಯಾರೋ ಮಹಾನುಭಾವರು ನಕಾಶೆಯ ಮೇಲೆ ಗೆರೆ ಎಳೆದು ಜಿಲ್ಲೆಯನ್ನು ಎರಡು ಮಾಡಿದ್ದರು. ಗೆರೆಯ ಈಚೆ ಖೇತದಾನನ ಠಾಣೆ ಉಳಿಯಿತು, ಆಚೆ ಲೂಣಾಸರದ ಬಾವಿ ಹೋಯಿತು. ಹೆಣ ಬಿದ್ದ ಬಾವಿ ಯಾವ ಜಿಲ್ಲೆಗೋ ಕೇಸೂ ಆ ಜಿಲ್ಲೆಗೆ. ಹೊತ್ತು ಮುಳುಗುವುದರೊಳಗೆ ಹೊಸ ಠಾಣೆಯ ಇನ್ಸ್‌ಪೆಕ್ಟರ್ ಸಗತ್‌ಸಿಂಗ್ ಬಂದು ಸಕೂರನನ್ನು ಒಯ್ಯಲಿದ್ದ.

ಸಗತ್‌ಸಿಂಗನ ಲಾಕಪ್ಪಿನಲ್ಲಿ ತಪ್ಪು ಒಪ್ಪಿಕೊಳ್ಳದವರು ಯಾರೂ ಇಲ್ಲ ಎಂದು ಇಲಾಖೆಯಲ್ಲಿ ಹೊಗಳುತ್ತಿದ್ದರು. ಒಪ್ಪಿಕೊಂಡ ಮೇಲೆ ನಡೆದು ಹೊರಗೆ ಬಂದವರೂ ಕಡಿಮೆ ಎಂಬುದನ್ನು ಯಾರೂ ಹೇಳುತ್ತಿರಲಿಲ್ಲ.

"ಆತ ನನ್ನ ಹಾಗೆ ಚಹಾ ಕೊಟ್ಟು ಕೇಳಲ್ಲ ಕಾಕಾ."

"ನಿನ್ನ ಚಹಾನೂ ಶಿಕ್ಷೆನೇ. ಮಘಾರಾಮ ಸಕ್ಕರೆ ಹಾಕಲ್ಲ."

ಬಾಗಿಲಲ್ಲಿ ನಿಂತಿದ್ದ ಹೆಡ್ ಕಾನ್‌ಸ್ಟೇಬಲ್ ಮಘಾರಾಮ್ ಸಿಡುಕಿದ. "ಹಾಕಿದ್ದೀನಿ ಕಾಕಾ! ಸುಮ್ನೆ ಸಾಹೇಬ್ರ ಮುಂದೆ ನನ್ನ ಮರ್ಯಾದೆ ತೆಗೀಬೇಡ. ಮನೆಯಿಂದ ಸಜ್ಜೆ ರೊಟ್ಟಿ ತಂದುಕೊಟ್ಟಾಗ ಹೊಗಳಿದ್ದು ಮರೆತೋಯ್ತಾ?"

"ರೊಟ್ಟಿ ನಿನ್ನ ಹೆಂಡ್ತಿ ಮಾಡಿದ್ದು. ಅವಳನ್ನ ಹೊಗಳಿದೆ."

ಮಘಾರಾಮ್ ಗೊಣಗುತ್ತ ಮಡಕೆ ತುಂಬಲು ಹೊರಗೆ ಹೋದ. ಅವನ ಬೂಟಿನ ಸದ್ದು ಅಂಗಳ ದಾಟುವವರೆಗೂ ಸಕೂರ್ ಕಿವಿಗೊಟ್ಟು ಕೇಳಿದ. ಮುಖದ ನಗು ಇಳಿದುಹೋಯಿತು.

"ಅವನಿಗೆ ಮೂರು ಹೆಣ್ಣುಮಕ್ಕಳು ಅಲ್ವಾ?"

"ಯಾರಿಗೆ, ಮಘಾರಾಮನಿಗಾ? ಹೌದು. ಯಾಕೆ?"

"ಅದಕ್ಕೇ ಇಷ್ಟು ದಿನ ಸುಮ್ನಿದ್ದೆ. ಆ ಸಗತ್‌ಸಿಂಗನ ಕೈಗೆ ಸಿಕ್ಕರೆ ನಾನು ಉಳಿಯಲ್ಲ, ನನಗೆ ಗೊತ್ತು. ಸಾಯೋಕೆ ಹೆದರಿಕೆ ಇಲ್ಲ. ಆದ್ರೆ ಹಗ್ಗ ಕದ್ದು ಬಾಯಾರಿದವನನ್ನ ಕೊಂದ ಅಂತ ಅನ್ನಿಸಿಕೊಂಡು ಸಾಯಲಾರೆ." ಮುದುಕ ಸರಳು ಹಿಡಿದು ಎದ್ದು ನಿಂತ. "ಹಗ್ಗ ಅಲ್ಲೇ ಇತ್ತು ಠಾಣೆದಾರ. ಬಾವಿಕಟ್ಟೆ ಮೇಲೆ, ಹೆಣದ ತಲೆ ಹತ್ರ. ನೀವು ಬಂದ್ರಿ, ಹೆಣ ನೋಡಿದ್ರಿ, ಬರ್ಕೊಂಡ್ರಿ. ಹೊರಡೋವಾಗ ಮಘಾರಾಮ ಅದನ್ನ ಸುತ್ತಿ ಹೆಗಲಿಗೆ ಹಾಕ್ಕೊಂಡು ನಿಮ್ಮ ಜೀಪಿಗೆ ಎಸೆದ."

ಖೇತದಾನ್ ತಿರುಗಿ ಅಂಗಳದಲ್ಲಿ ನಿಂತಿದ್ದ ಜೀಪಿನ ಕಡೆ ನೋಡಿದ.

"ಬೇಕಂತ ಮಾಡಿಲ್ಲ. ಕೈ ಮಾಡ್ತು ಅಷ್ಟೇ. ನಿನ್ನ ಕೈಯೂ ಮಾಡ್ತಿತ್ತು."

ಅದು ನಿಜ. ಬಾವಿಯ ಹತ್ತಿರ ಹಗ್ಗ ಬಿಟ್ಟು ಬರುವವರು ಈ ಸೀಮೆಯಲ್ಲಿ ಇಲ್ಲ. ಬಾವಿ ಊರಿನದು, ಹಗ್ಗ ಮನೆಯದು. ನೀರು ಸೇದಿ ಮುಗಿಸಿದ ಕೈ ತಾನಾಗಿಯೇ ಹಗ್ಗ ಸುತ್ತುತ್ತದೆ. ತಲೆಗೆ ಅದರ ಸುದ್ದಿ ಹೋಗುವುದೂ ಇಲ್ಲ.

ಠಾಣೆಯ ಜೀಪಿನ ಹಿಂಭಾಗದಲ್ಲಿ ಹರಿದ ಟಾರ್ಪಾಲು, ಡೀಸೆಲ್ ಡಬ್ಬ, ಮರಳಿನಲ್ಲಿ ಚಕ್ರ ಹೂತರೆ ಕೆಳಗೆ ಹಾಕುವ ಹಲಗೆಗಳು. ಅವುಗಳಡಿ, ಒಂಟೆ ತೊಗಲಿನ ಸಣ್ಣ ಕೊಡದ ಸಮೇತ, ಹಗ್ಗ ತಣ್ಣಗೆ ಮಲಗಿತ್ತು. ಕಪ್ಪು, ಬಿಳಿ ಆಡಿನ ಕೂದಲ ಹುರಿ, ನಡುವೆ ಒಂದೇ ಒಂದು ಕೆಂಪೆಳೆ.

ಇಡೀ ವಾರ ಅವನು ಇದೇ ಜೀಪಿನಲ್ಲಿ ಕೂತು ಊರೂರು ಅಲೆದು ಈ ಹಗ್ಗ ಹುಡುಕಿದ್ದ! ನಾಚಿಕೆಯಿಂದ ಖೇತದಾನನ ಕಿವಿ ಬಿಸಿಯಾಯಿತು.

ಮಡಕೆ ಹೊತ್ತು ಬಂದ ಮಘಾರಾಮ್ ಹಗ್ಗ ನೋಡಿದ. ಸಾಹೇಬರ ಮುಖ ನೋಡಿದ. ಮತ್ತೆ ಹಗ್ಗ ನೋಡಿದ. ಮಡಕೆಯನ್ನು ನಿಧಾನವಾಗಿ ನೆಲಕ್ಕಿಟ್ಟ.

"ನಾನಾ?" ಎಂದ. "ಸಾಹೇಬ್ರೇ, ನಾನಾ?"

"ನೀನೇ."

"ನಂಗೆ ನೆನಪೇ ಇಲ್ಲ. ದೇವರಾಣೆ ನೆನಪಿಲ್ಲ. ಕಾಕಾನ ಮೇಲೆ ನಾನೇ ಕೂಗಾಡಿದ್ನಲ್ಲ, ಹಗ್ಗ ಎಲ್ಲಿ ಕಳ್ಳ ಮುದುಕಾ ಅಂತ..." ದೊಡ್ಡ ಮೀಸೆಯ ಗಂಡಸು ಮಗುವಿನಂತೆ ಅತ್ತುಬಿಟ್ಟ. ಒಳಗೆ ಓಡಿಹೋಗಿ ಸರಳುಗಳ ನಡುವೆ ಕೈತೂರಿಸಿ ಮುದುಕನ ಕಾಲು ಹಿಡಿದ.

"ಏಳೋ, ಏಳು. ನಾಳೆಯಿಂದ ಸಕ್ಕರೆ ಜಾಸ್ತಿ ಹಾಕು, ಸಾಕು."

ಖೇತದಾನ್ ಬೀಗ ತೆಗೆದು ಸಕೂರನನ್ನು ಹೊರಗೆ ಕರೆದ. ತಮ್ಮ ತಪ್ಪನ್ನು ಮೇಲಿನವರಿಗೆ ತಾನೇ ವರದಿ ಮಾಡುವುದೆಂದು ಆಗಲೇ ತೀರ್ಮಾನಿಸಿದ್ದ. ಮಘಾರಾಮನ ನೌಕರಿ ಹೋಗಬಹುದು, ತನ್ನದೂ ಹೋಗಬಹುದು. ಮುದುಕನ ಜೀವ ಉಳಿಯುತ್ತದೆ.

ಆದರೆ ಒಂದು ಪ್ರಶ್ನೆ ಎದ್ದು ನಿಂತಿತು. ಹಗ್ಗ ತಲೆಯ ಹತ್ತಿರವೇ ಇದ್ದಮೇಲೆ ಭೋಮಾರಾಮ್ ಸತ್ತದ್ದು ಹೇಗೆ?

ಸಕೂರ್ ಹಗ್ಗವನ್ನು ಕೈಗೆ ತೆಗೆದುಕೊಂಡು ಸವರಿದ. "ಇದು ನಾನೇ ಹೊಸೆದಿದ್ದು. ಭೋಮಾರಾಮ ಕೇಳಿದ್ದ, ಲೂಣಾಸರದ ಆಳಕ್ಕೆ ಸಾಲೋ ಹಾಗೆ ಮಾಡಿಕೊಡು ಅಂತ." ಅವನ ಬೆರಳು ತುದಿಯವರೆಗೆ ಹರಿದು ತಟ್ಟನೆ ನಿಂತವು. "ನನ್ನ ಗಂಟು ಎಲ್ಲಿ?"

"ಯಾವ ಗಂಟು?"

"ನಾನು ತುದಿಗೆ ಕೆಂಪೆಳೆ ಹಿಂದಕ್ಕೆ ತಿರುಗಿಸಿ ಒಂದು ಗಂಟು ಹಾಕ್ತೀನಿ. ನಮ್ಮಪ್ಪ ಹಾಕ್ತಿದ್ದ. ಈ ತುದೀಲಿ ಅದಿಲ್ಲ. ನೋಡು, ಇದು ಸವೆದು ಹರಿದಿದ್ದಲ್ಲ."

ಎಳೆಗಳೆಲ್ಲ ಒಂದೇ ಸಮ ಇದ್ದವು. ಹರಿತವಾದ ಚಾಕು ಒಂದೇ ಏಟಿಗೆ ಕೊಯ್ದಿತ್ತು. ಕೊಯ್ದ ತುದಿಗೇ ತೊಗಲಿನ ಕೊಡವನ್ನು ಮತ್ತೆ ಕಟ್ಟಿದ್ದರು.

"ಮಘಾರಾಮ್, ಜೀಪು ತೆಗೀ."

"ಲೂಣಾಸರಕ್ಕಾ ಸಾಹೇಬ್ರೇ? ಈ ಹೊತ್ತಿನಲ್ಲಿ ಹೋದ್ರೆ ಬರೋವಾಗ ಸಂಜೆ ಆಗುತ್ತೆ. ಅದು ಬೇಚರಾಕ್ ಊರು..."

"ಹೆದರಿಕೆ ಆದ್ರೆ ಕಾಕಾನ ಕೈ ಹಿಡ್ಕೊ."

ಸರ್ಕಾರದ ದಫ್ತರಿನಲ್ಲಿ ಜನ ಬಿಟ್ಟುಹೋದ ಊರಿಗೆ ಬೇಚರಾಕ್ ಎಂದು ಬರೆಯುತ್ತಾರೆ. ದೀಪವಿಲ್ಲದ್ದು ಎಂದು ಅರ್ಥ. ಎಷ್ಟು ಸುಲಭದ ಮಾತು! ಯುದ್ಧದ ವರ್ಷ ಒಂದೇ ರಾತ್ರಿಯಲ್ಲಿ ಲೂಣಾಸರದ ಜನ ಮಕ್ಕಳು, ಮುದುಕರು, ಆಡು, ಒಂಟೆ ಸಮೇತ ಪಶ್ಚಿಮಕ್ಕೆ ಹತ್ತಿರದಲ್ಲೇ ಇರುವ ದೇಶದ ಗಡಿ ದಾಟಿ ಹೋಗಿಬಿಟ್ಟರು. ಹಿಂದೆ ಉಳಿದದ್ದು ಗೋಡೆಗಳು ಮತ್ತು ಬಾವಿ. ಹೋಗುವವರಿಗೆ ಯಾರೂ ಹೋಗಿ ಬನ್ನಿ ಎನ್ನಲಿಲ್ಲ. ಅದಕ್ಕೇ ಅವರ ಮನಸ್ಸು ಇನ್ನೂ ಅಲ್ಲೇ ಸುತ್ತುತ್ತಿದೆ ಎಂದು ಸುತ್ತಲಿನವರು ನಂಬುತ್ತಾರೆ.

ಊರು ಕಾಣುವ ದಿಬ್ಬದ ಮೇಲೆ ಸಕೂರ್ ಜೀಪು ನಿಲ್ಲಿಸಲು ಹೇಳಿದ. ಕೆಳಗಿಳಿದು ಕೈ ಬಾಯಿಗೆ ಹಿಡಿದು ಕೂಗಿದ.

"ಬರ್ತಿದ್ದೀವಿ! ಮನೆಯವರೇ, ಬರ್ತಿದ್ದೀವಿ!"

ಈ ದಾರಿಯಲ್ಲಿ ಹೋಗುವವರೆಲ್ಲ ಹಾಗೆ ಕೂಗುತ್ತಾರೆ. ಹೇಳದೆ ಕೇಳದೆ ಮನೆಯೊಳಗೆ ನುಗ್ಗುವುದು ಸರಿಯಲ್ಲ, ಮನೆಯಲ್ಲಿ ಯಾರೂ ಇಲ್ಲದಿದ್ದರೂ. ಖೇತದಾನ್ ಓದಿದವನು, ಇದನ್ನೆಲ್ಲ ನಂಬುವವನಲ್ಲ. ಆದರೂ ಮುದುಕನ ಕೂಗು ಸೂರಿಲ್ಲದ ಮನೆಗಳಿಗೆ ಬಡಿದು ಹಿಂದಿರುಗಿ ಬಂದಾಗ ಅವನ ಮೈಮೇಲೆ ಮುಳ್ಳು ಎದ್ದವು.

ಓಣಿಯುದ್ದಕ್ಕೂ ಮರಳು ಮೊಣಕಾಲುದ್ದ ಏರಿತ್ತು. ಒಂದು ಮನೆಯಲ್ಲಿ ಬೀಸುವ ಕಲ್ಲು, ಇನ್ನೊಂದರಲ್ಲಿ ತೊಟ್ಟಿಲು ಕಟ್ಟುವ ಕೊಕ್ಕೆ. ಒಂದು ಮನೆಯ ಮುಂದೆ ಮಾತ್ರ ಅಂಗಳ ಗುಡಿಸಿತ್ತು. ಹೊಸ್ತಿಲ ಮೇಲೆ ಮರಳಿನ ಕಣವೂ ಇರಲಿಲ್ಲ.

ಮಘಾರಾಮ್ ಖೇತದಾನನ ತೋಳು ಹಿಡಿದ. "ಸಾಹೇಬ್ರೇ, ಗುಡಿಸಿದ್ದಾರೆ. ಯಾರೋ ಗುಡಿಸಿದ್ದಾರೆ!"

"ನಾನು ಕಣಪ್ಪಾ," ಎಂದ ಸಕೂರ್. "ನನ್ನ ಮನೆ ಅದು."

ಇಬ್ಬರೂ ತಿರುಗಿ ನೋಡಿದರು. ಮುದುಕ ಅವರನ್ನು ನೋಡಲಿಲ್ಲ.

"ಆ ರಾತ್ರಿ ನಾನು ಒಂಟೆಗಳ ಜೊತೆ ದೂರದ ಹುಲ್ಲುಗಾವಲಲ್ಲಿದ್ದೆ. ಬಂದು ನೋಡಿದ್ರೆ ಊರಲ್ಲಿ ಯಾರೂ ಇಲ್ಲ. ಒಲೆ ಇನ್ನೂ ಬೆಚ್ಚಗಿತ್ತು. ಹಿಟ್ಟು ಕಲಸಿಟ್ಟು ಹೋಗಿದ್ಲು. ಹೆಂಡ್ತಿ, ಇಬ್ಬರು ಗಂಡುಮಕ್ಕಳು. ಗಡಿ ಹತ್ರ ಓಡಿದೆ, ಅಷ್ಟೊತ್ತಿಗೆ ಸಿಪಾಯಿಗಳು ಬಂದುಬಿಟ್ಟಿದ್ರು." ಅವನು ಹೊಸ್ತಿಲನ್ನು ಕೈಯಿಂದ ಸವರಿದ. "ಆಗಾಗ ಬಂದು ಗುಡಿಸ್ತೀನಿ. ಇಲ್ಲಿಗೆ ಬರೋಕೆ ಪರವಾನಗಿ ಬೇಕು, ನನಗೆ ಯಾರು ಕೊಡ್ತಾರೆ? ಕದ್ದು ಬರ್ತೀನಿ. ಅವಳು ಯಾವತ್ತಾದ್ರೂ ಬಂದ್ರೆ ಮನೆ ಹೊಲಸಾಗಿದೆ ಅಂತ ಬಯ್ಯಬಾರದಲ್ಲ. ಭಾರಿ ಬಾಯಿ ಅವಳದು."

ಅಲ್ಲಿಗೆ ಯಾಕೆ ಹೋಗಿದ್ದೆ ಎಂದು ವಾರವಿಡೀ ಕೇಳಿದ್ದಕ್ಕೆ ಉತ್ತರ ಇದು. ಖೇತದಾನ್ ಗುಡಿಸಿದ ಅಂಗಳ ತುಳಿಯದೆ ಸುತ್ತಿ ಮುಂದೆ ನಡೆದ.

ಬಾವಿ ಊರಿನ ಪಶ್ಚಿಮಕ್ಕೆ, ಒಂಟಿ ಬನ್ನಿಮರದ ಹತ್ತಿರ. ಬಾಯಿ ಕಿರಿದು, ಒಳಗೆ ನುಣ್ಣನೆ ಗಾರೆ. ಕೈಕಾಲು ಊರಿ ಇಳಿಯಲು ಒಂದು ಸಂದೂ ಇರಲಿಲ್ಲ. ಬಗ್ಗಿ ನೋಡಿದರೆ ಬಹಳ ಕೆಳಗೆ ನೀರಿನ ಮಿನುಗು ಕಾಣುತ್ತಿತ್ತು, ಅದರ ತಂಪು ಮುಖಕ್ಕೆ ಬಡಿಯುತ್ತಿತ್ತು. ಗಾಳಿ ಬಂದಾಗ ಬಾವಿಯೊಳಗಿಂದ ಯಾರೋ ನರಳಿದ ಹಾಗೆ ಕೇಳುತ್ತಿತ್ತು.

"ಇಳಿಸು," ಎಂದ ಖೇತದಾನ್.

ಮಘಾರಾಮ್ ತೊಗಲಿನ ಕೊಡ ಇಳಿಬಿಟ್ಟ. ಹಗ್ಗ ಕಟ್ಟೆಯ ಕಲ್ಲಿನ ಮೇಲೆ ಉಜ್ಜುತ್ತ ಇಳಿಯಿತು, ಇಳಿಯಿತು, ಮುಗಿಯಿತು. ನೀರಿನ ಸದ್ದು ಬರಲಿಲ್ಲ.

"ಮುಟ್ಟಿಲ್ಲ ಸಾಹೇಬ್ರೇ."

"ನಿನ್ನ ರುಮಾಲು ಬಿಚ್ಚು. ಹಗ್ಗದ ತುದಿಗೆ ಕಟ್ಟು."

ಹೆಣ ಸಿಕ್ಕಾಗ ಭೋಮಾರಾಮನ ತಲೆಯ ರುಮಾಲು ಬಿಚ್ಚಿ ಬಿದ್ದಿತ್ತು, ಅದರ ಒಂದು ತುದಿ ಗಂಟು ಬಿಗಿದು ಮುದುರಿತ್ತು. ಸೆಕೆ ತಾಳದೆ ಬಿಚ್ಚಿರಬೇಕು ಎಂದು ಅವತ್ತು ಅಂದುಕೊಂಡಿದ್ದರು. ಮಘಾರಾಮನ ಹಳದಿ ರುಮಾಲು ಉದ್ದಕ್ಕೆ ಬಿಚ್ಚಿಕೊಂಡು ಬಾವಿಗೆ ಇಳಿಯಿತು. ಸದ್ದಿಲ್ಲ. ಸಕೂರ್ ತನ್ನ ರುಮಾಲನ್ನೂ ಬಿಚ್ಚಿ ಕೊಟ್ಟ. ಅದೂ ಇಳಿಯಿತು. ಕೊಡ ಕತ್ತಲಲ್ಲಿ ತೂಗಾಡುತ್ತಿತ್ತು, ನೀರು ಅದರ ಕೆಳಗೆ ಮಿನುಗುತ್ತಲೇ ಇತ್ತು.

ಹೆಣದ ಅಂಗೈಯಲ್ಲಿ ಹಗ್ಗ ಉಜ್ಜಿದ ಗಾಯಗಳಿವೆ ಎಂದು ಡಾಕ್ಟರ್ ಹೇಳಿದ್ದು ಖೇತದಾನನಿಗೆ ಈಗ ಅರ್ಥವಾಯಿತು. ಭೋಮಾರಾಮ್ ಒಂದು ಸಲ ಇಳಿಸಿ ಸುಮ್ಮನಾಗಲಿಲ್ಲ. ಮರಳುಗಾಳಿಗೆ ಸಿಕ್ಕಿ ಅವನನ್ನು ವಾಪಸು ಒಯ್ಯಬೇಕಿದ್ದ ತಹಸೀಲಿನ ಜೀಪು ಬಾರದೆ ಹೋದ ಆ ದಿನಗಳುದ್ದಕ್ಕೂ ಈ ಕಟ್ಟೆಗೆ ಎದೆಯಾನಿಸಿ, ತೋಳು ಚಾಚಿ, ಇನ್ನೊಂದು ಗೇಣು, ಇನ್ನೊಂದು ಗೇಣು ಎಂದು ಇಳಿಸುತ್ತಲೇ ಇದ್ದ.

"ಹಗ್ಗ ಪೂರ್ತಿ ಒಯ್ದಿದ್ರೆ ಎದ್ದು ಜನ ಇರೋ ಊರ ಕಡೆ ನಡೀತಿದ್ನೇನೋ," ಎಂದ ಸಕೂರ್ ಮೆಲ್ಲಗೆ. "ಅರ್ಧ ಬಿಟ್ಟು ಹೋಗಿದ್ದಕ್ಕೆ ಇಲ್ಲೇ ಉಳಿದ. ಎಂಥ ಕ್ರೂರಿ ಕೊಯ್ದವನು!"

ಮಘಾರಾಮ್ ಕಣ್ಣೊರೆಸಿಕೊಂಡ. ಸೇದಿ ಮೇಲೆ ತಂದ ಹಗ್ಗ, ರುಮಾಲುಗಳು ಕಟ್ಟೆಯ ಮೇಲೆ ರಾಶಿ ಬಿದ್ದವು.

ಯಾಕೆ ಕೊಂದರು? ಭೋಮಾರಾಮ್ ಇಲ್ಲಿಗೆ ಬಂದದ್ದು ಹೊಸ ಜಿಲ್ಲೆಯ ಗಡಿಕಲ್ಲು ನೆಡಲು. ಖೇತದಾನ್ ಕಲ್ಲನ್ನು ಹುಡುಕಿದ. ಬಾವಿಗೂ ಊರಿಗೂ ನಡುವೆ ಅದು ನಿಂತಿತ್ತು, ಸುಣ್ಣ ಬಳಿದು, ಮೇಲೆ ಬಾಣದ ಗುರುತು. ಕಲ್ಲಿನಿಂದ ಪಶ್ಚಿಮಕ್ಕೆ ಹೊಸ ಜಿಲ್ಲೆ. ಅಂದರೆ ಬಾವಿ ಸಗತ್‌ಸಿಂಗನದು.

ಹತ್ತಿರ ಹೋಗಿ ಕಾಲಿನಿಂದ ಒತ್ತಿದ. ಕಲ್ಲು ಅಲುಗಾಡಿತು. ಬುಡಕ್ಕೆ ಬರೀ ಮರಳು.

ಭೋಮಾರಾಮ್ ಇಂಥ ಕೆಲಸ ಮಾಡುವವನಲ್ಲ. ಅವನು ನೆಟ್ಟ ಕಲ್ಲಿನ ಬುಡಕ್ಕೆ ಸುಣ್ಣದ ಗಾರೆ ಬಿದ್ದೇ ಬೀಳುತ್ತಿತ್ತು. ಖೇತದಾನ್ ಬಾವಿಯನ್ನು ದಾಟಿ ಪಶ್ಚಿಮಕ್ಕೆ ನಡೆದ. ಬನ್ನಿಮರದ ಆಚೆ ಗಟ್ಟಿ ನೆಲದಲ್ಲಿ, ಎಕ್ಕದ ಗಿಡಗಳ ನಡುವೆ, ಅದು ಸಿಕ್ಕಿತು. ಚೌಕಾಕಾರದ ಗುಂಡಿ, ಅರ್ಧ ಮರಳು ತುಂಬಿತ್ತು, ಅಂಚಿಗೆ ಗಾರೆ ಕಚ್ಚಿಕೊಂಡಿತ್ತು.

ಕಲ್ಲು ಇಲ್ಲಿತ್ತು! ಬಾವಿ ಹಳೇ ಜಿಲ್ಲೆಯದೇ, ಕೇಸು ಖೇತದಾನನದೇ. ಸಕೂರನನ್ನು ಯಾರಿಗೂ ಒಪ್ಪಿಸಬೇಕಾಗಿಲ್ಲ. ದೇಶದ ಗಡಿಗೆ ಹೋಗುವ ದಾರಿಯ ಈ ಬಾವಿ ತಮ್ಮ ಕೈಯಲ್ಲಿರಲಿ ಎಂದು ಯಾರೋ ಕಲ್ಲು ಕಿತ್ತು ಬಾವಿಯ ಈಚೆ ನೆಟ್ಟು, ಅದನ್ನು ಬಲ್ಲ ಒಬ್ಬನೇ ಮನುಷ್ಯನನ್ನು ಇಲ್ಲಿ ಒಣಗಿಸಿ ಕೊಂದಿದ್ದರು.

ಅಷ್ಟರಲ್ಲಿ ದಿಬ್ಬದ ಮೇಲೆ ಧೂಳು ಎದ್ದಿತು. ಹೊಸ ಜೀಪೊಂದು ಕೂಗು ಹಾಕದೆ, ನಿಲ್ಲದೆ, ನೇರ ಓಣಿಯೊಳಗೆ ನುಗ್ಗಿ ಬಂತು.

"ಅಯ್ಯೋ ಖೇತದಾನ್‌ಜೀ, ನೀವ್ಯಾಕೆ ಇಷ್ಟು ತೊಂದರೆ ತಗೊಂಡ್ರಿ!" ಇನ್ಸ್‌ಪೆಕ್ಟರ್ ಸಗತ್‌ಸಿಂಗ್ ಕೈ ಮುಗಿಯುತ್ತ ಇಳಿದ. ಇಸ್ತ್ರಿ ಮಾಡಿದ ಸಮವಸ್ತ್ರ, ಅತ್ತರಿನ ವಾಸನೆ. ಹಿಂದೆಯೇ ಬಂದೂಕು ಹಿಡಿದ ನಾಲ್ವರು ಇಳಿದರು. "ಠಾಣೆಗೆ ಹೋಗಿದ್ದೆ. ಇಲ್ಲಿದ್ದೀರಿ ಅಂದ್ರು. ಆರೋಪಿಯನ್ನ ನಮ್ಮ ಬಾಗಿಲಿಗೇ ತಂದುಕೊಟ್ಟ ಹಾಗಾಯ್ತು."

"ಆರೋಪಿ ಅಂತ ಯಾರೂ ಇಲ್ಲ ಸಾಹೇಬ್ರೇ. ಹಗ್ಗ ಇಲ್ಲೇ ಇತ್ತು. ನಮ್ಮ ಹೆಡ್ ಕಾನ್‌ಸ್ಟೇಬಲ್ ಗೊತ್ತಿಲ್ಲದೆ ಎತ್ಕೊಂಡು ಬಂದಿದ್ದ. ಸಕೂರ್ ಮೇಲೆ ಕೇಸೇ ನಿಲ್ಲಲ್ಲ."

"ಹೌದಾ? ಒಳ್ಳೇದಾಯ್ತು." ಸಗತ್‌ಸಿಂಗ್ ಕಟ್ಟೆಯ ಮೇಲಿನ ರಾಶಿಯ ಕಡೆ ಕಣ್ಣು ಹಾಯಿಸಿ ನಕ್ಕ. "ರುಮಾಲು ಬಾವಿಗೆ ಇಳಿಸಿ ಆಟ ಆಡ್ತಿದ್ರಾ? ಇರಲಿ. ಕೇಸು ನಿಲ್ಲುತ್ತೋ ಮಲಗುತ್ತೋ, ನಾನು ವಿಚಾರಿಸ್ತೀನಿ. ನೀವು ನಿಂತಿರೋ ನೆಲ ಈಗ ನನ್ನದು."

"ನಿಮ್ಮದಲ್ಲ. ಆ ಕಲ್ಲು ಅಲ್ಲಿರಬೇಕಾದ್ದಲ್ಲ."

ನಗು ಹಾಗೇ ಉಳಿಯಿತು, ಆದರೆ ಸಗತ್‌ಸಿಂಗನ ಕಣ್ಣು ಬನ್ನಿಮರದ ಆಚೆ ಹೋಗಿ ಬಂದವು.

"ಕಲ್ಲು ಎಲ್ಲಿರಬೇಕು ಅಂತ ಹೇಳೋ ಅಧಿಕಾರ ಪಟವಾರಿಗೆ ಮಾತ್ರ ಇದೆ. ಅವನನ್ನೇ ಕೇಳಿ."

ಬಾವಿಯೊಳಗೆ ಗಾಳಿ ನರಳಿತು. ಮಘಾರಾಮ್ ಬೆಚ್ಚಿ ಹಿಂದೆ ಸರಿದ.

"ಮೇಲಿನವರ ಜೊತೆ ಮಾತಾಡೋವರೆಗೆ ಸಕೂರ್ ನನ್ನ ಹತ್ರ ಇರ್ತಾನೆ," ಎಂದ ಖೇತದಾನ್.

"ಆದೇಶ ನೋಡಿದ್ದೀರಲ್ಲ? ಹೊತ್ತು ಮುಳುಗುತ್ತಿದೆ. ಆದೇಶ ಮೀರಿದ ಅಂತ ನಿಮ್ಮನ್ನೂ ಕರ್ಕೊಂಡು ಹೋಗಬೇಕಾಗುತ್ತೆ. ನನಗೆ ಇಷ್ಟ ಇಲ್ಲ." ಸಗತ್‌ಸಿಂಗ್ ತನ್ನವರ ಕಡೆ ತಿರುಗಿದ. "ಬೇಡಿ ಎಲ್ಲಿ?"

"ತಂದಿಲ್ಲ ಸಾಹೇಬ್ರೇ," ಎಂದ ಒಬ್ಬ.

"ಮುದುಕನಿಗೆ ಬೇಡಿ ಯಾಕೆ? ಏನಾದ್ರೂ ತಗೊಂಡು ಕಟ್ಟು."

ಕಾನ್‌ಸ್ಟೇಬಲ್ ಜೀಪಿನ ಹಿಂದಕ್ಕೆ ಹೋದ. ಅಲ್ಲಿ ನೀರಿನ ಡಬ್ಬಗಳನ್ನು ಹಗ್ಗದಿಂದ ಸುತ್ತಿ ಸುತ್ತಿ ಬಿಗಿದಿದ್ದರು. ಅವನು ಅದನ್ನು ಬಿಚ್ಚಿ ತಂದು ಸಕೂರನ ಮಣಿಕಟ್ಟುಗಳಿಗೆ ಸುತ್ತತೊಡಗಿದ.

ಕಪ್ಪು, ಬಿಳಿ. ನಡುವೆ ಕೆಂಪೆಳೆ.

ಒಳ್ಳೆಯ ಹಗ್ಗವನ್ನು ಈ ಮರಳಿನಲ್ಲಿ ಹುಟ್ಟಿದವರು ಎಸೆಯುವುದಿಲ್ಲ. ಕೊಂದವರ ಕೈಗೂ ಎಸೆಯಲು ಮನಸ್ಸು ಬಂದಿಲ್ಲ! ಕೊಯ್ದ ತುಂಡನ್ನು ಸುತ್ತಿ ಮನೆಗೆ ಒಯ್ದಿದ್ದರು, ಉಪಯೋಗಕ್ಕೆ ಬಂತೆಂದು ಡಬ್ಬ ಕಟ್ಟಿದ್ದರು.

ಸಕೂರನಿಗೆ ನೋಡಬೇಕಾಗಿಯೇ ಇರಲಿಲ್ಲ. ಕಟ್ಟಿದ ಕೈಗಳ ಬೆರಳು ತುದಿಯನ್ನು ಹುಡುಕಿ, ಹಿಂದಕ್ಕೆ ತಿರುಗಿಸಿ ಹಾಕಿದ್ದ ಗಂಟನ್ನು ಮುಟ್ಟಿದವು. ಮುದುಕ ತಲೆಯೆತ್ತಿ ಖೇತದಾನನನ್ನು ನೋಡಿದ.

ಮಘಾರಾಮನೂ ಕಂಡಿದ್ದ. "ಸಾಹೇಬ್ರೇ, ಅದು..." ಎಂದು ಬಾಯಿ ತೆರೆದ. ಖೇತದಾನ್ ಅವನ ಕಾಲನ್ನು ಬೂಟಿನಿಂದ ಬಲವಾಗಿ ಮೆಟ್ಟಿದ. ಕೈ ಸೊಂಟದ ಪಿಸ್ತೂಲಿನ ಮೇಲೆ ಹೋಗಿತ್ತು. ನಾಲ್ಕು ಬಂದೂಕು ಆಚೆ, ಒಂದು ಪಿಸ್ತೂಲು, ಒಂದು ಲಾಠಿ ಈಚೆ. ಸಿಡಿದರೆ ಮೊದಲು ಬೀಳುವವನು ಸಕೂರ್.

ಮುದುಕ ಕಟ್ಟಿದ ಕೈಗಳನ್ನೇ ಎತ್ತಿ ಖೇತದಾನನ ಕೊರಳಿಗೆ ಹಾಕಿ ಅಪ್ಪಿಕೊಂಡ. ಬೀಳ್ಕೊಳ್ಳುವವನ ಹಾಗೆ ಕಾಣುತ್ತಿತ್ತು. ಕಿವಿಯ ಹತ್ತಿರ ಉಸಿರಿದ.

"ಬಿಡು ಮಗಾ. ನೀನು ಈಗ ಜಗಳ ಆಡಿದ್ರೆ ಇದನ್ನ ಸುಟ್ಟುಹಾಕ್ತಾರೆ. ನನ್ನ ಕೈಯಲ್ಲಿದ್ರೆ ಕಳೆದುಹೋಗಲ್ಲ. ಬೇಗ ಬಾ."

ಕೊಲೆಯ ಸಾಕ್ಷಿಯನ್ನು ಮಣಿಕಟ್ಟಿಗೆ ಸುತ್ತಿಕೊಂಡು, ಕೊಲೆಗಾರರ ಜೀಪಿಗೆ ತಾನಾಗಿಯೇ ಹತ್ತಲು ಹೊರಟಿದ್ದ ಆ ಮುದುಕ. ಖೇತದಾನನಿಗೆ ಅಳು ಬಂತು, ಸಿಟ್ಟು ಬಂತು, ಎರಡನ್ನೂ ನುಂಗಿಕೊಂಡ. ಪಿಸ್ತೂಲಿನ ಮೇಲಿನ ಕೈ ತೆಗೆದ.

"ಹುಷಾರಾಗಿ ನೋಡ್ಕೊಳ್ಳಿ," ಎಂದ. ತನ್ನ ದನಿ ತನಗೇ ಗುರುತು ಸಿಗಲಿಲ್ಲ. "ಎದೆ ಸರಿಯಿಲ್ಲ ಅವನಿಗೆ. ನಾಳೆ ಬೆಳಿಗ್ಗೆ ಜಿಲ್ಲಾ ಸಾಹೇಬರ ಜೊತೆ ನಿಮ್ಮ ಠಾಣೆಗೆ ಬರ್ತೀನಿ."

"ಬನ್ನಿ ಬನ್ನಿ. ಒಂಟೆ ಹಾಲಿನ ಚಹಾ ಕುಡಿಸ್ತೀನಿ."

ಸಕೂರನನ್ನು ಹಿಂದೆ ಕೂರಿಸಿದರು. ಜೀಪು ಗುರುಗುಟ್ಟಿತು. ಸಗತ್‌ಸಿಂಗ್ ಏನೋ ನೆನಪಾದವನ ಹಾಗೆ ಕಿಟಕಿಯಿಂದ ತಲೆ ಹೊರಹಾಕಿದ.

"ಅಂದ ಹಾಗೆ ಖೇತದಾನ್‌ಜೀ, ಆ ಹಗ್ಗದ ಉಳಿದ ಅರ್ಧ... ಹುಷಾರಾಗಿ ಇಟ್ಕೊಳ್ಳಿ."

ಹಗ್ಗ ಕೊಯ್ದಿದ್ದಾರೆ ಎಂದು ಅವನಿಗೆ ಯಾರೂ ಹೇಳಿರಲಿಲ್ಲ. ಸಗತ್‌ಸಿಂಗನಿಗೆ ಎಲ್ಲ ಗೊತ್ತು. ಇವರಿಗೆ ಗೊತ್ತಾಗಿದೆ ಎಂಬುದೂ ಗೊತ್ತು. ನಾಳೆ ಬೆಳಿಗ್ಗೆಯವರೆಗೆ ಮುದುಕನ ಜೀವವನ್ನಾಗಲಿ, ಅವನ ಕೈಯ ಹಗ್ಗವನ್ನಾಗಲಿ ಉಳಿಸುವ ಅಗತ್ಯ ಅವನಿಗೆ ಏನಿದೆ?

"ಜೀಪು! ಮಘಾರಾಮ್, ಜೀಪು ತೆಗೀ!"

ಮಘಾರಾಮ್ ಅಲುಗಾಡಲಿಲ್ಲ. ಹೊರಟ ಜೀಪಿನ ಧೂಳನ್ನೇ ನೋಡುತ್ತ ನಿಂತಿದ್ದ. ಹೊಸ ಠಾಣೆಗೆ ಹೋಗುವವರು ದಿಬ್ಬ ಹತ್ತಿ ಉತ್ತರದ ದಾರಿ ಹಿಡಿಯಬೇಕು. ಧೂಳು ಬಾವಿಯನ್ನು ಸುತ್ತು ಹಾಕಿ, ಎಕ್ಕದ ಗಿಡಗಳನ್ನು ದಾಟಿ, ಮುಳುಗುವ ಸೂರ್ಯನ ಕಡೆಗೆ ಓಡುತ್ತಿತ್ತು.

"ಸಾಹೇಬ್ರೇ," ಎಂದ ಅವನು, "ಆ ಕಡೆ ಠಾಣೆ ಇಲ್ಲ. ಆ ಕಡೆ ದೇಶವೇ ಇಲ್ಲ."